ಬೆಳಿಗ್ಗೆ ಮಾಯನ್ ನಗರ, ಮಧ್ಯಾಹ್ನ ಸೆನೋಟೆ: ಯುಕಟಾನ್‌ನಲ್ಲಿ ನಿಮ್ಮದೇ ಗಾಡಿಯಲ್ಲಿ ಒಂದು ದಿನ

ಮೆಕ್ಸಿಕೋದ ಯುಕಟಾನ್ ಪರ್ಯಾಯದ್ವೀಪದಲ್ಲಿರುವ ಕ್ಯಾನ್‌ಕುನ್, ಪ್ಲಾಯಾ ದೆಲ್ ಕಾರ್ಮೆನ್, ಟುಲುಮ್ ಕಡೆಗೆ ಹೋದವರು ಸಾಮಾನ್ಯವಾಗಿ ಒಂದು ದಿನವನ್ನು ಇಲ್ಲಿನ ಮೂಲನಿವಾಸಿಗಳಾದ ಮಾಯನ್ನರ ಹಳೆಯ ನಗರಕ್ಕೂ ಸೆನೋಟೆ ಎಂಬ ನೀರಿನ ಹೊಂಡಗಳಿಗೂ ಎತ್ತಿಡುತ್ತಾರೆ. ಬಸ್ಸಿನ ಗುಂಪಿನಲ್ಲಿ ಹೋದರೆ ಖರ್ಚು ಕಡಿಮೆ. ಸ್ವಂತಕ್ಕೆ ಕಾರು ಅಥವಾ ವ್ಯಾನ್ ಗೊತ್ತುಮಾಡಿಕೊಂಡರೆ ಹೆಚ್ಚಿಗೆ ಸಿಗುವ ಲಾಭ ಒಂದೇ: ಎಷ್ಟು ಹೊತ್ತಿಗೆ ಎಲ್ಲಿರಬೇಕು ಎನ್ನುವುದನ್ನು ನೀವು ತೀರ್ಮಾನಿಸಬಹುದು. ಬಸ್ಸುಗಳು ಬರುವ ಹೊತ್ತಿಗೇ ನೀವೂ ಬಾಗಿಲಲ್ಲಿ ನಿಂತರೆ ಆ ಹೆಚ್ಚುವರಿ ಹಣ ನೀರಿಗೆ ಹಾಕಿದಂತೆ. ಹಾಗಾಗಿ ಇಲ್ಲಿ ಹೇಳುವುದೆಲ್ಲ ಕೊನೆಗೆ ಎರಡು ಮಾತಿಗೆ ಬಂದು ನಿಲ್ಲುತ್ತದೆ. ಬಾಗಿಲು ತೆರೆಯುವ ಮೊದಲು ಅವಶೇಷಗಳ ಮುಂದಿರಿ. ಬಿಸಿಲು ನೆತ್ತಿಗೇರುವ ಹೊತ್ತಿಗೆ ನೀರಿನಲ್ಲಿರಿ.

ಒಂದು ನಗರ, ಎರಡು ಸೆನೋಟೆ, ಸಾಕು

ಚಿಚೆನ್ ಇಟ್ಜಾ, ಎಕ್ ಬಲಾಮ್, ಕೊಬಾ ಎಂಬ ಮೂರು ಮಾಯನ್ ನಗರಗಳನ್ನೂ ಒಂದೇ ದಿನ ತೋರಿಸುತ್ತೇವೆ ಎನ್ನುವವರು ಸಿಗುತ್ತಾರೆ. ತೋರಿಸಬಹುದು, ಆದರೆ ದಿನದ ಮುಕ್ಕಾಲು ಭಾಗ ನೀವು ಕಾರಿನ ಸೀಟಿನಲ್ಲೇ ಇರುತ್ತೀರಿ. ಒಂದು ನಗರ ಮತ್ತು ಎರಡು ಸೆನೋಟೆ ಆರಾಮವಾಗಿ ಹಿಡಿಸುತ್ತವೆ. ಚಿಕ್ಕ ಮಕ್ಕಳಿದ್ದರೆ ಒಂದು ಸೆನೋಟೆ ಸಾಕು, ಅಲ್ಲೇ ಹೆಚ್ಚು ಹೊತ್ತು ಕಳೆಯಿರಿ.

ಯಾವ ನಗರ ಎನ್ನುವುದು ನೀವು ಎಲ್ಲಿ ಉಳಿದಿದ್ದೀರಿ ಎನ್ನುವುದರ ಮೇಲೆ ಹೋಗುತ್ತದೆ. ಕ್ಯಾನ್‌ಕುನ್‌ನಿಂದ ಚಿಚೆನ್ ಇಟ್ಜಾಗೆ ಸುಮಾರು 200 ಕಿಲೋಮೀಟರ್, ಟೋಲ್ ರಸ್ತೆಯಲ್ಲಿ ಎರಡೂವರೆ ಗಂಟೆ. ಟುಲುಮ್‌ನಲ್ಲಿದ್ದರೆ ಕೊಬಾ ಹತ್ತಿರ, ಸುಮಾರು 45 ಕಿಲೋಮೀಟರ್. ಮೆರಿದಾದಲ್ಲಿ ತಂಗಿದವರಿಗೆ ಚಿಚೆನ್ ಇಟ್ಜಾ 120 ಕಿಲೋಮೀಟರ್ ಆಸುಪಾಸು, ಉಷ್ಮಾಲ್ ಎಂಬ ಇನ್ನೊಂದು ಮಾಯನ್ ನಗರ 80 ಕಿಲೋಮೀಟರ್. ವಯ್ಯಾದೊಲಿದ್ ಎಂಬ ಪುಟ್ಟ ಊರಿನಲ್ಲಿ ಒಂದು ರಾತ್ರಿ ಉಳಿಯಲು ಆಗುವುದಾದರೆ ಅದಕ್ಕಿಂತ ಒಳ್ಳೆಯದು ಬೇರೆ ಇಲ್ಲ. ಅಲ್ಲಿಂದ ಚಿಚೆನ್ ಇಟ್ಜಾ 45 ಕಿಲೋಮೀಟರ್, ಎಕ್ ಬಲಾಮ್ 30ರೊಳಗೆ, ಸೆನೋಟೆಗಳಂತೂ ಊರ ಸುತ್ತ ತುಂಬಿವೆ. ಒಂದು ಸೆನೋಟೆ ಊರಿನ ನಡುವೆಯೇ ಇದೆ.

ಮೊದಲ ಸಲ ಹೋಗುವವರಿಗೆ ಚಿಚೆನ್ ಇಟ್ಜಾ ಬಿಡಲು ಮನಸ್ಸು ಬರುವುದಿಲ್ಲ, ಬಿಡಲೂ ಬೇಕಾಗಿಲ್ಲ. ಆದರೆ ಅಲ್ಲಿ ಮುಖ್ಯ ಬಯಲಿನಲ್ಲಿ ನೆರಳಿಲ್ಲ. ವಯಸ್ಸಾದವರು, ಮಕ್ಕಳು ಜೊತೆಗಿದ್ದರೆ ಕೊಬಾ ಹಗುರ. ಅದು ಕಾಡಿನೊಳಗಿರುವ ನಗರ, ದಾರಿಯುದ್ದಕ್ಕೂ ಮರ. ಬಾಡಿಗೆಗೆ ಸೈಕಲ್ ಸಿಗುತ್ತದೆ, ತುಳಿಯಲಾರದವರನ್ನು ಮೂರು ಗಾಲಿಯ ಸೈಕಲ್‌ನಲ್ಲಿ ಕೂರಿಸಿ ಕರೆದೊಯ್ಯುತ್ತಾರೆ. ಅಲ್ಲಿನ ನೊಹೋಚ್ ಮುಲ್ ಪಿರಮಿಡ್‌ನ ಎತ್ತರ 42 ಮೀಟರ್, ಚಿಚೆನ್ ಇಟ್ಜಾದ ಪಿರಮಿಡ್‌ಗಿಂತ ಹೆಚ್ಚು. ಶಿಲ್ಪ ನೋಡಲು ಆಸಕ್ತಿ ಇರುವವರು ಎಕ್ ಬಲಾಮ್ ಆರಿಸಿಕೊಳ್ಳಿ. ಅಲ್ಲಿನ ದೊರೆಯ ಸಮಾಧಿಯ ಬಾಗಿಲನ್ನು ಹಲ್ಲು ಕಿರಿದು ಬಾಯಿ ತೆರೆದ ದೈತ್ಯಮುಖದ ಹಾಗೆ ಗಾರೆಯಲ್ಲಿ ಕಡೆದಿದ್ದಾರೆ. ಆವರಣದಿಂದ ಒಂದೂವರೆ ಕಿಲೋಮೀಟರ್ ನಡೆದರೆ ಷ್ಕಾನ್ಚೆ ಎಂಬ ಸೆನೋಟೆಯೂ ಸಿಗುತ್ತದೆ, ಕಾರು ತೆಗೆಯುವುದೇ ಬೇಡ.

ಉಷ್ಮಾಲ್‌ಗೆ ಹೋಗುವವರು ಒಂದು ವಿಷಯ ತಿಳಿದಿರಬೇಕು: ಆ ಭಾಗದಲ್ಲಿ ಸೆನೋಟೆಗಳಿಲ್ಲ. ಮಾಯನ್ನರು ಅಲ್ಲಿ ಮಳೆನೀರನ್ನು ನೆಲದಡಿಯ ತೊಟ್ಟಿಗಳಲ್ಲಿ ಕೂಡಿಡುತ್ತಿದ್ದರು. ಗೋಡೆಗಳ ತುಂಬ ಸೊಂಡಿಲಿನಂಥ ಮೂಗಿನ ಮಳೆದೇವರು ಚಾಕ್ ಕಾಣುವುದು ಅದಕ್ಕೇ. ನೀರಿಗಿಳಿಯಬೇಕೆಂದರೆ ಅಲ್ಲಿಂದ ಈಶಾನ್ಯಕ್ಕೆ ಓಮುನ್ ಎಂಬ ಊರಿಗೆ ಹೋಗಬೇಕು. ಅಲ್ಲಿ ಮೋಟೋಟ್ಯಾಕ್ಸಿಯವರು ಒಂದಾದಮೇಲೊಂದು ಸೆನೋಟೆ ಸುತ್ತಿಸುತ್ತಾರೆ.

ಎರಡು ಗಡಿಯಾರಗಳ ಲೆಕ್ಕ

ಇಡೀ ಪ್ರವಾಸದಲ್ಲಿ ಅತಿ ಹೆಚ್ಚು ಜನ ಎಡವುವುದು ಇಲ್ಲಿ. ಕ್ಯಾನ್‌ಕುನ್, ಪ್ಲಾಯಾ, ಟುಲುಮ್, ಕೊಬಾ ಇರುವುದು ಕಿಂಟಾನಾ ರೋ ರಾಜ್ಯದಲ್ಲಿ. ಚಿಚೆನ್ ಇಟ್ಜಾ, ವಯ್ಯಾದೊಲಿದ್, ಎಕ್ ಬಲಾಮ್, ಮೆರಿದಾ ಇರುವುದು ಯುಕಟಾನ್ ರಾಜ್ಯದಲ್ಲಿ. 2015ರಿಂದ ಕಿಂಟಾನಾ ರೋ ತನ್ನದೇ ಸಮಯ ಪಾಲಿಸುತ್ತಿದೆ. 2022ರಲ್ಲಿ ಮೆಕ್ಸಿಕೋದ ಬಹುಭಾಗ ಬೇಸಿಗೆಯಲ್ಲಿ ಗಡಿಯಾರ ಮುಂದಿಡುವ ಪದ್ಧತಿಯನ್ನು ಕೈಬಿಟ್ಟ ಮೇಲೆ ವರ್ಷವಿಡೀ ಯುಕಟಾನ್ ಒಂದು ಗಂಟೆ ಹಿಂದಿದೆ. ಕ್ಯಾನ್‌ಕುನ್‌ನಲ್ಲಿ 9 ಆದಾಗ ಚಿಚೆನ್ ಇಟ್ಜಾದಲ್ಲಿ 8.

ಇದು ಬೆಳಿಗ್ಗೆ ನಿಮ್ಮ ಪರ. ಕ್ಯಾನ್‌ಕುನ್‌ನಿಂದ 6ಕ್ಕೆ ಹೊರಟು ಎರಡೂವರೆ ಗಂಟೆ ಓಡಿಸಿದರೆ ಅಲ್ಲಿ ತಲುಪುವಾಗ ಸ್ಥಳೀಯ ಸಮಯ 7:30. ಬಾಗಿಲು ತೆರೆಯುವುದು 8ಕ್ಕೆ. ಸರದಿಯಲ್ಲಿ ಮೊದಲಿಗರಾಗಿ ನಿಲ್ಲಲು ಇದು ಸರಿಯಾದ ಹೊತ್ತು. ಸಂಜೆ ಅದೇ ಒಂದು ಗಂಟೆ ಕೈಬಿಟ್ಟು ಹೋಗುತ್ತದೆ. ಡ್ರೈವರ್ ಜೊತೆ ಮಾತಾಡುವಾಗ ಪ್ರತಿ ಸಲವೂ “ಯಾವ ಊರಿನ ಸಮಯ” ಎಂದು ಕೇಳಿ ಖಚಿತಪಡಿಸಿಕೊಳ್ಳಿ. ರಾಜ್ಯದ ಗಡಿಯ ಹತ್ತಿರ ಮೊಬೈಲ್ ಒಮ್ಮೊಮ್ಮೆ ಪಕ್ಕದ ಟವರ್ ಹಿಡಿದು ಸಮಯ ಬದಲಿಸುತ್ತದೆ. ಕೈಗಡಿಯಾರ ಒಂದಿದ್ದರೆ ಅದನ್ನು ಹೋಟೆಲ್ ಇರುವ ಊರಿನ ಸಮಯಕ್ಕೇ ಬಿಡಿ.

ಡ್ರೈವರ್ ಇಟ್ಟುಕೊಳ್ಳುವುದೋ, ನೀವೇ ಓಡಿಸುವುದೋ

ಡ್ರೈವರ್ ಸಹಿತ ಗಾಡಿಯಾದರೆ ಬೆಲೆಯನ್ನು ತಲೆಗಿಷ್ಟು ಎಂದಲ್ಲ, ಗಾಡಿಗಿಷ್ಟು ಎಂದು ಕೇಳಿ. ಒಪ್ಪಿದ ಮಾತುಗಳು ವಾಟ್ಸಾಪ್‌ನಲ್ಲಿ ಬರಹದಲ್ಲಿರಲಿ. ಬರೆಸಿಕೊಳ್ಳಬೇಕಾದವು ಇವು: ಒಟ್ಟು ಎಷ್ಟು ಗಂಟೆ, ಮೀರಿದರೆ ಗಂಟೆಗೆ ಎಷ್ಟು, ಟೋಲ್ ಮತ್ತು ಪಾರ್ಕಿಂಗ್ ಯಾರ ಲೆಕ್ಕ, ಪ್ರವೇಶದ ಹಣ ಸೇರಿದೆಯೇ, ಮಗುವಿಗೆ ಸೀಟು ಇದೆಯೇ, ಬರುವವರು ಬರೀ ಡ್ರೈವರೋ, ಗೈಡ್ ಕೂಡ ಹೌದೋ. ಕೊನೆಯ ಪ್ರಶ್ನೆ ಮುಖ್ಯ. ಪುರಾತತ್ವ ತಾಣಗಳ ಒಳಗೆ ಗೈಡ್ ಕೆಲಸ ಮಾಡಲು ಸರ್ಕಾರದ ಗುರುತಿನ ಚೀಟಿ ಬೇಕು. ಡ್ರೈವರ್ ಎಷ್ಟೇ ತಿಳಿದವರಾದರೂ ಚೀಟಿ ಇಲ್ಲದಿದ್ದರೆ ಬಾಗಿಲಲ್ಲೇ ಉಳಿಯುತ್ತಾರೆ.

ಇದರಿಂದ ಚಿಂತೆಯೇನೂ ಇಲ್ಲ. ಚಿಚೆನ್ ಇಟ್ಜಾ ಬಾಗಿಲಲ್ಲೇ ಚೀಟಿ ಹೊಂದಿದ ಗೈಡ್‌ಗಳು ಸಿಗುತ್ತಾರೆ, ಗುಂಪಿಗಿಷ್ಟು ಎಂದು ತೆಗೆದುಕೊಳ್ಳುತ್ತಾರೆ. ನಾಲ್ಕೈದು ಜನರಿದ್ದರೆ ಹಂಚಿಕೊಂಡಾಗ ದುಬಾರಿಯಾಗುವುದಿಲ್ಲ. ಭಾಷೆ, ಮೊತ್ತ, ಎಷ್ಟು ಹೊತ್ತು, ಈ ಮೂರನ್ನೂ ಮೊದಲೇ ಮಾತಾಡಿ. ಸಾಮಾನ್ಯವಾಗಿ ಒಂದೂವರೆಯಿಂದ ಎರಡು ಗಂಟೆ ಸುತ್ತಿಸುತ್ತಾರೆ. ಒಳಗೆ ವಿವರಣೆಯ ಫಲಕಗಳು ಚಿಕ್ಕವು. ಗೈಡ್ ಇಲ್ಲದೆ ಹೋದವರಿಗೆ ಒಂದು ಗಂಟೆಯಲ್ಲಿ ಎಲ್ಲ ಕಲ್ಲೂ ಒಂದೇ ಥರ ಕಾಣಲು ಶುರುವಾಗುತ್ತದೆ.

ಇನ್ನೊಂದು ಮಾತನ್ನೂ ಮೊದಲೇ ಹೇಳಿಬಿಡಿ: ದಾರಿಯಲ್ಲಿ ಅಂಗಡಿ ಬೇಡ. ಕರಕುಶಲ ಮಳಿಗೆಗಳಲ್ಲಿ ಗಾಡಿ ನಿಲ್ಲಿಸುವುದು ಇಲ್ಲಿನ ರೂಢಿ, ಒಂದು ನಿಲುಗಡೆಗೆ ಮುಕ್ಕಾಲು ಗಂಟೆ ಹೋಗುತ್ತದೆ. ಬೆಳಿಗ್ಗೆಯ ಮುಕ್ಕಾಲು ಗಂಟೆ ಎಂದರೆ ಖಾಲಿ ಬಯಲಿನಲ್ಲಿ ಪಿರಮಿಡ್ ನೋಡುವುದಕ್ಕೂ ಸಾವಿರ ಜನರ ನಡುವೆ ನೋಡುವುದಕ್ಕೂ ಇರುವ ವ್ಯತ್ಯಾಸ.

ನೀವೇ ಓಡಿಸುವುದಾದರೆ ಅಲ್ಲಿ ಗಾಡಿ ರಸ್ತೆಯ ಬಲಬದಿಗೆ ಓಡುತ್ತದೆ ಎಂಬುದು ಮೊದಲು ನೆನಪಿರಲಿ. ಮೊದಲ ದಿನವೇ ನಸುಕಿನಲ್ಲಿ ಇಷ್ಟು ದೂರ ಹೊರಡುವ ಬದಲು ಹಿಂದಿನ ಸಂಜೆ ಕಾರು ತೆಗೆದುಕೊಂಡು ಊರೊಳಗೆ ಸ್ವಲ್ಪ ಕೈ ಪಳಗಿಸಿ. ಆನ್‌ಲೈನ್‌ನಲ್ಲಿ ತೀರ ಅಗ್ಗವಾಗಿ ಕಾಣುವ ಬಾಡಿಗೆಯಲ್ಲಿ ಎದುರು ಪಾರ್ಟಿಗೆ ಆಗುವ ಹಾನಿಯ ವಿಮೆ ಸೇರಿರುವುದಿಲ್ಲ. ಆ ವಿಮೆ ಮೆಕ್ಸಿಕೋದಲ್ಲಿ ಕಡ್ಡಾಯ, ಕ್ರೆಡಿಟ್ ಕಾರ್ಡ್ ಕೊಡುವ ವಿಮೆ ಸಾಮಾನ್ಯವಾಗಿ ನಿಮ್ಮ ಗಾಡಿಗೆ ಆಗುವ ಹಾನಿಗೆ ಮಾತ್ರ. ಕೌಂಟರ್‌ನಲ್ಲಿ ಮೊತ್ತ ಏರುವುದು ಇದರಿಂದ. ಬುಕ್ ಮಾಡುವಾಗಲೇ ಎಲ್ಲ ವಿಮೆ ಸೇರಿ ಎಷ್ಟು ಎಂದು ನೋಡಿಕೊಳ್ಳಿ. ಕಾರು ಪಡೆಯುವಾಗ ನಾಲ್ಕೂ ಬದಿ, ಟೈರು, ಗಾಜು, ಪೆಟ್ರೋಲ್ ಮುಳ್ಳು ಎಲ್ಲವನ್ನೂ ಒಂದು ವಿಡಿಯೋದಲ್ಲಿ ಹಿಡಿದಿಡಿ.

ದಾರಿ ಎರಡು. ಫಲಕದಲ್ಲಿ ‘ಕ್ವೋತಾ’ ಎಂದಿದ್ದರೆ ಟೋಲ್ ರಸ್ತೆ, ಅದೇ 180-ಡಿ. ‘ಲೀಬ್ರೆ’ ಎಂದಿದ್ದರೆ ಉಚಿತ ರಸ್ತೆ, ಹಳ್ಳಿಗಳ ನಡುವೆ ಹಾಯುತ್ತದೆ. ಹೋಗುವಾಗ ಟೋಲ್ ರಸ್ತೆಯನ್ನೇ ಹಿಡಿಯಿರಿ. ಒಂದು ಕಡೆಗೇ ನೂರಾರು ಪೆಸೊ ಬೀಳುತ್ತದೆ, ನಗದೇ ಇಟ್ಟುಕೊಂಡಿರಿ. ಆ ರಸ್ತೆ ನೂಲು ಹಿಡಿದ ಹಾಗೆ ನೇರ. ನಡುವೆ ಹೊರಹೋಗುವ ದಾರಿಗಳು ಬೆರಳೆಣಿಕೆ, ಪೆಟ್ರೋಲ್ ಬಂಕ್ ಇನ್ನೂ ವಿರಳ. ಟ್ಯಾಂಕ್ ತುಂಬಿಸಿಕೊಂಡೇ ಹೊರಡಿ, ಹೊಟ್ಟೆಗೂ ಏನಾದರೂ ಕಟ್ಟಿಕೊಂಡಿರಿ. ಬಂಕಿನಲ್ಲಿ ಸಿಬ್ಬಂದಿಯೇ ತುಂಬಿಸುತ್ತಾರೆ. ಶುರುಮಾಡುವ ಮೊದಲು ಮೀಟರ್ ಸೊನ್ನೆಯಲ್ಲಿದೆಯೇ ನೋಡಿ. “ಯೆನೊ” ಎಂದರೆ ಟ್ಯಾಂಕ್ ಪೂರ್ತಿ.

ಉಚಿತ ರಸ್ತೆಯಲ್ಲಿ ‘ತೋಪೆ’ಗಳ ಕಾಟ. ನಮ್ಮ ಹಂಪ್‌ಗಳೇ, ಆದರೆ ಕೆಲವಕ್ಕೆ ಬಣ್ಣವೂ ಇಲ್ಲ, ಫಲಕವೂ ಇಲ್ಲ. ಊರಿನ ಹೆಸರಿನ ಹಲಗೆ ಕಂಡ ಕೂಡಲೇ ವೇಗ ಇಳಿಸಿ. ಕತ್ತಲಾದ ಮೇಲೆ ಈ ರಸ್ತೆ ಬೇಡ. ತೋಪೆ ಕಾಣುವುದಿಲ್ಲ, ನಾಯಿ ದನ ಅಡ್ಡ ಬರುತ್ತವೆ, ದೀಪವಿಲ್ಲದ ಸೈಕಲ್‌ಗಳೂ ಇರುತ್ತವೆ. ಗಾಡಿ ಕೆಟ್ಟರೆ 078ಕ್ಕೆ ಕರೆ ಮಾಡಿದರೆ ‘ಹಸಿರು ದೇವತೆಗಳು’ ಎಂಬ ಹೆಸರಿನ ಸರ್ಕಾರಿ ರಸ್ತೆ ಸಹಾಯ ಸಿಗುತ್ತದೆ. ತುರ್ತಿಗೆ 911.

ಹೋಟೆಲ್ ಇರುವ ಊರಿನಲ್ಲೇ ಬ್ಯಾಂಕಿನ ಎಟಿಎಂನಿಂದ ಪೆಸೊ ತೆಗೆದಿಡಿ. ಯಂತ್ರ ತನ್ನದೇ ದರದಲ್ಲಿ ನಿಮ್ಮ ದೇಶದ ಹಣಕ್ಕೆ ಬದಲಿಸಿ ತೋರಿಸಿದರೆ ಬೇಡ ಎಂಬುದನ್ನು ಒತ್ತಿ. ಹಳ್ಳಿಯವರು ನಡೆಸುವ ಎಷ್ಟೋ ಸೆನೋಟೆಗಳಲ್ಲಿ ಕಾರ್ಡ್ ನಡೆಯುವುದಿಲ್ಲ. ಡಾಲರ್ ಕೊಟ್ಟರೆ ತೆಗೆದುಕೊಳ್ಳುತ್ತಾರೆ, ಆದರೆ ದರ ಅವರು ಹೇಳಿದ್ದೇ.

ಚಿಚೆನ್ ಇಟ್ಜಾ: ಎರಡೂವರೆ ಗಂಟೆಯ ಸುತ್ತಾಟ

ಇಲ್ಲಿ ಪ್ರವೇಶಕ್ಕೆ ಎರಡು ಪಾವತಿ: ಒಂದು ಕೇಂದ್ರದ ಪುರಾತತ್ವ ಸಂಸ್ಥೆಗೆ, ಇನ್ನೊಂದು ಯುಕಟಾನ್ ರಾಜ್ಯಕ್ಕೆ. ಎರಡೂ ಸೇರಿ ವಿದೇಶಿಯರಿಗೆ 600 ಪೆಸೊ ದಾಟುತ್ತದೆ, ದರ ಆಗಾಗ ಏರುತ್ತಿರುತ್ತದೆ. ಒಂದು ಟಿಕೆಟ್ ಸಿಕ್ಕ ಕೂಡಲೇ ಒಳಗೆ ನುಗ್ಗಿದವರನ್ನು ಗೇಟಿನಲ್ಲಿ ಹಿಂದಕ್ಕೆ ಕಳಿಸುತ್ತಾರೆ, ಆಗ ಸರದಿ ಮತ್ತೆ ಮೊದಲಿನಿಂದ. ಎರಡೂ ಚೀಟಿ ಕೈಯಲ್ಲಿವೆಯೇ ಎಂದು ನೋಡಿಕೊಂಡು ಹೆಜ್ಜೆ ಇಡಿ. ಊರು ಬರುವ ಮೊದಲೇ ರಸ್ತೆಬದಿಯಲ್ಲಿ ಕೈ ಬೀಸಿ ನಿಲ್ಲಿಸಿ “ಟಿಕೆಟ್ ಇಲ್ಲೇ” ಎನ್ನುವವರಿಗೆ ಗಾಡಿ ನಿಲ್ಲಿಸಬೇಡಿ. ಅಸಲಿ ಕೌಂಟರ್ ಇರುವುದು ಬಾಗಿಲಲ್ಲಿ. ಭಾನುವಾರ ಮೆಕ್ಸಿಕೋದ ಜನರಿಗೆ ರಿಯಾಯಿತಿ ಇರುವುದರಿಂದ ಗದ್ದಲ ಹೆಚ್ಚು, ಬೇರೆ ದಿನ ಸಿಕ್ಕರೆ ಬೇರೆ ದಿನವೇ ಹೋಗಿ. ಡ್ರೋನ್, ಟ್ರೈಪಾಡ್ ಹೋಟೆಲಿನಲ್ಲೇ ಇರಲಿ.

ಒಳಗೆ ಹೋದ ಕೂಡಲೇ ಎದುರಾಗುವುದು ಕುಕುಲ್ಕಾನ್ ದೇವರ ಪಿರಮಿಡ್. ಸ್ಪ್ಯಾನಿಷರು ಇದನ್ನು ಎಲ್ ಕಾಸ್ತಿಯೊ, ಅಂದರೆ ಕೋಟೆ ಎಂದು ಕರೆದರು. ನಾಲ್ಕು ಬದಿಗೂ 91 ಮೆಟ್ಟಿಲು, ಒಟ್ಟು 364, ಮೇಲಿನ ಕಟ್ಟೆ ಸೇರಿದರೆ 365: ವರ್ಷದ ದಿನಗಳ ಲೆಕ್ಕ. ತುದಿಯ ಗುಡಿ ಸೇರಿ ಎತ್ತರ 30 ಮೀಟರ್. ಹತ್ತಲು ಬಿಡುವುದಿಲ್ಲ. ಉತ್ತರದ ಮೆಟ್ಟಿಲ ಸಾಲಿಗೆ ಎದುರಾಗಿ ಸ್ವಲ್ಪ ದೂರದಲ್ಲಿ ನಿಂತು ಒಮ್ಮೆ ಗಟ್ಟಿಯಾಗಿ ಚಪ್ಪಾಳೆ ತಟ್ಟಿ. ಮರುದನಿ ಚಪ್ಪಾಳೆಯಾಗಿ ಬರದೆ ಹಕ್ಕಿಯ ಚಿಲಿಪಿಲಿಯಾಗಿ ಇಳಿಯುತ್ತದೆ. ಕೆಳಗಿನ ಮೆಟ್ಟಿಲಿನಿಂದ ಮೇಲಿನ ಮೆಟ್ಟಿಲಿನವರೆಗೆ ಒಂದೊಂದರಿಂದಲೂ ಸದ್ದು ಚೂರು ಚೂರು ತಡವಾಗಿ ಹಿಂದಿರುಗುವುದರಿಂದ ಹೀಗಾಗುತ್ತದೆ. ಮಾಯನ್ನರು ಪವಿತ್ರವೆಂದು ನಂಬಿದ್ದ ಕೆಟ್ಸಾಲ್ ಹಕ್ಕಿಯ ಕೂಗಿಗೆ ಇದನ್ನು ಹೋಲಿಸುತ್ತಾರೆ. ಹತ್ತು ಗಂಟೆಯ ಮೇಲೆ ಎಲ್ಲರೂ ಒಟ್ಟಿಗೆ ತಟ್ಟುತ್ತಿರುತ್ತಾರೆ, ಆಗ ಏನೂ ತಿಳಿಯುವುದಿಲ್ಲ. ಬೇಗ ಹೋಗಬೇಕೆನ್ನಲು ಇದೂ ಒಂದು ಕಾರಣ.

ಅಲ್ಲಿಂದ ಚೆಂಡಾಟದ ಅಂಗಳಕ್ಕೆ ನಡೆಯಿರಿ. 168 ಮೀಟರ್ ಉದ್ದ, 70 ಮೀಟರ್ ಅಗಲ, ಮೆಸೊಅಮೆರಿಕದಲ್ಲಿ, ಅಂದರೆ ಮೆಕ್ಸಿಕೋ ಮತ್ತು ಮಧ್ಯ ಅಮೆರಿಕದ ಪ್ರಾಚೀನ ನಾಗರಿಕತೆಗಳ ಪ್ರದೇಶದಲ್ಲಿ, ಸಿಕ್ಕಿರುವ ಅಂಗಳಗಳಲ್ಲೆಲ್ಲ ದೊಡ್ಡದು. ಗೋಡೆಯಲ್ಲಿ ಸುಮಾರು ಆರು ಮೀಟರ್ ಎತ್ತರಕ್ಕೆ ಕಲ್ಲಿನ ಬಳೆಗಳಿವೆ. ಗೋಡೆಯ ಬುಡದ ಕೆತ್ತನೆಯಲ್ಲಿ ತಲೆ ಕಡಿಸಿಕೊಂಡ ಆಟಗಾರನ ಕುತ್ತಿಗೆಯಿಂದ ರಕ್ತ ಹಾವುಗಳಾಗಿ ಚಿಮ್ಮುತ್ತಿದೆ. ಮಕ್ಕಳಿಗೆ ಏನು ಹೇಳಬೇಕೆಂದು ಮೊದಲೇ ಯೋಚಿಸಿಡಿ, ಅವರು ಕೇಳಿಯೇ ಕೇಳುತ್ತಾರೆ. ಪಕ್ಕದಲ್ಲೇ ಸಾಲು ಸಾಲು ತಲೆಬುರುಡೆ ಕೆತ್ತಿದ ಕಟ್ಟೆ ಇದೆ.

ನಂತರ ಉತ್ತರಕ್ಕೆ ಸುಣ್ಣಗಲ್ಲಿನ ಹಳೆಯ ಹಾದಿಯಲ್ಲಿ ಸುಮಾರು 300 ಮೀಟರ್ ಹೋದರೆ ಪವಿತ್ರ ಸೆನೋಟೆ. ಇದರಲ್ಲಿ ಈಜುವಂತಿಲ್ಲ, ಇಳಿಯುವಂತೆಯೂ ಇಲ್ಲ. ಸುಮಾರು 60 ಮೀಟರ್ ಅಗಲದ ಈ ಮಡುವಿಗೆ ಜನ ಹರಕೆ ಒಪ್ಪಿಸುತ್ತಿದ್ದರು. 1904ರಿಂದ ಇದರ ತಳ ಶೋಧಿಸಿದಾಗ ಜೇಡ್ ಕಲ್ಲು, ಬಂಗಾರ, ಮನುಷ್ಯರ ಮೂಳೆ ಮೇಲೆ ಬಂದವು. ಹಿಂದಿರುಗಿ ಯೋಧರ ಗುಡಿ ಮತ್ತು ಸಾವಿರ ಕಂಬಗಳ ಸಾಲು ನೋಡಿ.

ಬಹಳಷ್ಟು ಗುಂಪುಗಳು ಇಲ್ಲಿಗೇ ತಿರುಗಿ ಹೋಗುತ್ತವೆ. ನೀವು ಹೋಗಬೇಡಿ. ದಕ್ಷಿಣಕ್ಕೆ ನಡೆದರೆ ಎಲ್ ಕರಕೋಲ್ ಇದೆ, ಬಸವನಹುಳು ಎಂದರ್ಥ. ಒಳಗಿನ ಸುರುಳಿ ಮೆಟ್ಟಿಲಿನಿಂದ ಆ ಹೆಸರು ಬಂತು. ಶುಕ್ರಗ್ರಹದ ಚಲನೆ ಗಮನಿಸಲು ಈ ದುಂಡು ಕಟ್ಟಡ ಬಳಕೆಯಾಗುತ್ತಿತ್ತು ಎಂದು ವಿದ್ವಾಂಸರು ಹೇಳುತ್ತಾರೆ. ಇನ್ನೂ ಮುಂದೆ, ಇಡೀ ಮೈ ಚಾಕ್‌ನ ಮುಖಗಳಿಂದ ತುಂಬಿದ ಚಿಕ್ಕ ಕಟ್ಟಡವಿದೆ. ಕೆತ್ತನೆ ಇಷ್ಟು ಹತ್ತಿರದಿಂದ ಕಾಣುವ ಜಾಗ ಈ ನಗರದಲ್ಲಿ ಇನ್ನೊಂದಿಲ್ಲ, ಜನವೂ ಕಡಿಮೆ. ಇಲ್ಲಿಂದ ಬಾಗಿಲಿಗೆ ಬರುವಾಗ 10:30 ಆಗಿರುತ್ತದೆ, ಎದುರಿನಿಂದ ಬಸ್ಸಿನವರು ಒಳಗೆ ಬರುತ್ತಿರುತ್ತಾರೆ.

ಮಾರ್ಚ್ 20-21 ಮತ್ತು ಸೆಪ್ಟೆಂಬರ್ 22-23ರ ಸುಮಾರಿಗೆ, ಹಗಲು ರಾತ್ರಿ ಸಮನಾಗುವ ದಿನಗಳಲ್ಲಿ, ಸಂಜೆ ಬಿಸಿಲಿಗೆ ಉತ್ತರದ ಮೆಟ್ಟಿಲ ಅಂಚಿನಲ್ಲಿ ಹಾವು ಇಳಿಯುವಂಥ ನೆರಳು ಮೂಡುತ್ತದೆ. ಅದೇ ದಿನ ಹೋದರೆ ತಲೆಗಳೇ ಕಾಣುತ್ತವೆ. ಒಂದೆರಡು ದಿನ ಹಿಂದೆ ಮುಂದೆಯೂ ನೆರಳು ಕಾಣುವುದರಿಂದ ಆಗ ಹೋಗಿ. ಆದರೆ ಆ ದಿನಕ್ಕೆ ಇಲ್ಲಿ ಹೇಳಿದ ಕ್ರಮ ತಿರುಗುಮುರುಗಾಗುತ್ತದೆ, ಸೆನೋಟೆ ಬೆಳಿಗ್ಗೆ ಮುಗಿಸಬೇಕು. ಕೊನೆಯ ಪ್ರವೇಶ ಸಂಜೆ 4ಕ್ಕೆ, ಮುಚ್ಚುವುದು 5ಕ್ಕೆ.

ಸೆನೋಟೆಗೆ ಇಳಿಯುವ ಮೊದಲು

ಯುಕಟಾನ್ ಪರ್ಯಾಯದ್ವೀಪದ ಉತ್ತರ ಭಾಗದಲ್ಲಿ ನೆಲದ ಮೇಲೆ ಹರಿಯುವ ನದಿಗಳಿಲ್ಲ. ನೆಲವೆಲ್ಲ ಸುಣ್ಣಗಲ್ಲು. ಮಳೆನೀರು ಕಲ್ಲನ್ನು ಕರಗಿಸುತ್ತಾ ಕೆಳಗಿಳಿದು ನೆಲದಡಿ ಹೊಳೆಯಾಗಿ ಹರಿಯುತ್ತದೆ. ಮೇಲಿನ ಚಾವಣಿ ಎಲ್ಲಿ ಕುಸಿದಿದೆಯೋ ಅಲ್ಲಿ ಆ ನೀರು ಕಾಣುತ್ತದೆ, ಅದೇ ಸೆನೋಟೆ. ಮಾಯನ್ನರ ‘ತ್ಸೊನೋಟ್’ ಎಂಬ ಮಾತು ಸ್ಪ್ಯಾನಿಷ್ ಬಾಯಲ್ಲಿ ಸೆನೋಟೆ ಆಯಿತು. ಸುತ್ತಲಿನ ಹಳ್ಳಿ ಪಟ್ಟಣಗಳಿಗೆ ಕುಡಿಯುವ ನೀರು ಬರುವುದೂ ಇದೇ ಅಂತರ್ಜಲದಿಂದ. ನೀವು ಇಳಿಯುತ್ತಿರುವುದು ಊರಿನ ಬಾವಿಗೆ ಎಂದೇ ತಿಳಿಯಿರಿ.

ಸನ್‌ಸ್ಕ್ರೀನ್, ಸೊಳ್ಳೆ ಕ್ರೀಮು, ಮೇಕಪ್ ಯಾವುದೂ ಮೈಮೇಲೆ ಇರಬಾರದು ಎಂಬ ನಿಯಮ ಬಂದದ್ದು ಇದರಿಂದ. ತಲೆಗೆ ಹಚ್ಚಿದ ಕೊಬ್ಬರಿ ಎಣ್ಣೆಗೂ ಇದು ಅನ್ವಯ, ಆ ದಿನ ಎಣ್ಣೆ ಬೇಡ. ನೀರಿಗಿಳಿಯುವ ಮೊದಲು ಶವರ್‌ನಲ್ಲಿ ಮೈ ತೊಳೆಯುವುದು ಕಡ್ಡಾಯ. ‘ಜೈವಿಕವಾಗಿ ಕರಗುವ’ ಕ್ರೀಮು ಎಂದು ವಾದಿಸಿ ಪ್ರಯೋಜನವಿಲ್ಲ. ಅದು ಕರಗಲು ಹೊತ್ತು ಬೇಕು, ಅಷ್ಟರಲ್ಲಿ ನೀರಿಗೆ ಸೇರಿರುತ್ತದೆ. ಬೆಳಿಗ್ಗೆ ಎರಡೂವರೆ ಗಂಟೆ ಕಾಲ ಬಿಸಿಲಿನಲ್ಲಿ ನಡೆಯಬೇಕಲ್ಲ, ಏನು ಮಾಡುವುದು? ಕ್ರೀಮಿನ ಬದಲು ಬಟ್ಟೆ. ತುಂಬುತೋಳಿನ ತೆಳು ಹತ್ತಿ ಅಂಗಿ, ಅಗಲ ಅಂಚಿನ ಟೋಪಿ, ಕುತ್ತಿಗೆಗೆ ಒಂದು ಪಂಚೆಯ ತುಂಡು. ಮುಖಕ್ಕಷ್ಟೇ ಕ್ರೀಮು ಹಚ್ಚಿದರೆ ಸೋಪಿನಿಂದ ತೊಳೆಯುವುದೂ ಸುಲಭ.

ಈಜಲು ಉದ್ದತೋಳಿನ ಈಜುಡುಗೆ ಮತ್ತು ಲೆಗ್ಗಿಂಗ್ಸ್ ಎಲ್ಲರಿಗೂ ಒಪ್ಪುತ್ತದೆ. ಸಲ್ವಾರ್, ದುಪಟ್ಟಾ, ಹತ್ತಿಯ ದೊಗಲೆ ಪ್ಯಾಂಟು ಬೇಡ. ಹತ್ತಿ ನೀರು ಕುಡಿದು ಭಾರವಾಗಿ ಕಾಲಿಗೆ ಸುತ್ತಿಕೊಳ್ಳುತ್ತದೆ. ಸೆನೋಟೆಗಳಿಗೆ ದಡದಿಂದ ಇಳಿಜಾರು ಇರುವುದು ಅಪರೂಪ, ಏಣಿ ಬಿಟ್ಟ ಕೂಡಲೇ ಕಾಲಿಗೆ ನೆಲ ಸಿಗುವುದಿಲ್ಲ. ಸಮುದ್ರದಲ್ಲಿ ಸಲೀಸಾಗಿ ತೇಲಿದವರಿಗೂ ಇಲ್ಲಿ ಮೈ ಭಾರ ಅನಿಸುತ್ತದೆ, ಇದು ಸಿಹಿನೀರು, ಉಪ್ಪುನೀರಿನಷ್ಟು ಎತ್ತಿ ಹಿಡಿಯುವುದಿಲ್ಲ. ಈಜು ಬಂದರೂ ಲೈಫ್ ಜಾಕೆಟ್ ಹಾಕಿಕೊಳ್ಳಿ, ಹಲವು ಕಡೆ ಅದು ಕಡ್ಡಾಯ. ತೊಡುವಾಗ ಕೊಕ್ಕೆ ಎಲ್ಲ ಬಿಗಿದು ಭುಜದ ಬಳಿ ಮೇಲಕ್ಕೆ ಎಳೆದು ನೋಡಿ. ಗಲ್ಲದವರೆಗೆ ಎದ್ದರೆ ಅದು ದೊಡ್ಡದು, ಬದಲಿಸಿ. ಮಕ್ಕಳ ಅಳತೆ ಎಲ್ಲ ಕಡೆ ಇರುವುದಿಲ್ಲ, ಚಿಕ್ಕ ಮಗುವಿದ್ದರೆ ನೀವೇ ಒಯ್ಯಿರಿ.

ನೀರು ವರ್ಷವಿಡೀ 24-25 ಡಿಗ್ರಿ. ಬಿಸಿಲಿನಿಂದ ಬಂದ ಮೈಗೆ ಮೊದಲ ಕ್ಷಣ ಉಸಿರು ಹಿಡಿದಂತಾಗುತ್ತದೆ. ಧುಮುಕದೆ ಏಣಿ ಹಿಡಿದು ನಿಧಾನ ಇಳಿಯಿರಿ. ಧುಮುಕಲು ಗುರುತು ಮಾಡಿದ ಜಾಗ ಬಿಟ್ಟು ಬೇರೆಡೆ ಹಾರಬೇಡಿ, ನೀರಿನಡಿ ಬಂಡೆಗಳಿರುತ್ತವೆ. ಒದ್ದೆ ಸುಣ್ಣಗಲ್ಲು ಪಾಚಿ ಹಿಡಿದ ಕೊಳದ ಮೆಟ್ಟಿಲಿನಷ್ಟೇ ಜಾರುತ್ತದೆ, ರಬ್ಬರ್ ತಳದ ನೀರಿನ ಶೂ ಬೇಕು. ಕಣ್ಣಿಗೆ ಕಾಂಟಾಕ್ಟ್ ಲೆನ್ಸ್ ಹಾಕಿದ್ದರೆ ತೆಗೆದಿಡಿ. ಚಾವಣಿಯಿಂದ ಇಳಿದ ಸುಣ್ಣದ ಕೊಂಬುಗಳನ್ನು ಮುಟ್ಟಬೇಡಿ, ಕೈಯ ಜಿಡ್ಡು ಹತ್ತಿದ ಕಡೆ ಅವು ಬೆಳೆಯುವುದಿಲ್ಲ. ಮೀನಿನ ಮರಿಗಳು ಕಾಲು ಕಚ್ಚಿದಂತೆ ಮಾಡುತ್ತವೆ, ಅಪಾಯವಿಲ್ಲ. ನೀರಿನಡಿಯ ಸುರಂಗದ ಬಾಯಿ ಕಂಡರೆ ಅಲ್ಲಿಂದ ಹಿಂದಕ್ಕೆ ಬನ್ನಿ. ಟುಲುಮ್ ಪಕ್ಕದ ಸಾಕ್ ಆಕ್ತುನ್ ಎಂಬ ಸುರಂಗಗಳ ಜಾಲವೊಂದೇ 2018ರ ಅಳತೆಯಲ್ಲಿ 347 ಕಿಲೋಮೀಟರ್ ಇತ್ತು. ಗುಹೆ ಡೈವಿಂಗ್ ತರಬೇತಿ ಇಲ್ಲದವರಿಗೆ ಅದು ಜಾಗವಲ್ಲ.

ಯಾವ ಸೆನೋಟೆ

ಇಕ್ ಕಿಲ್ ಇರುವುದು ಚಿಚೆನ್ ಇಟ್ಜಾದಿಂದ ಮೂರು ಕಿಲೋಮೀಟರ್‌ನಲ್ಲಿ. ದುಂಡನೆಯ ದೊಡ್ಡ ಬಾವಿ, ಮೇಲಿನಿಂದ ಬಳ್ಳಿಗಳು ನೀರಿನವರೆಗೆ ಇಳಿಬಿದ್ದಿವೆ. ನೆಲದಿಂದ ನೀರಿಗೆ 26 ಮೀಟರ್, ಎಂಟು ಅಂತಸ್ತು ಇಳಿದ ಹಾಗೆ. ಮಂಡಿ ನೋವಿದ್ದವರು ಮೇಲಿನ ಕಟ್ಟೆಯಿಂದಲೇ ನೋಡಿದರೂ ಚೆನ್ನ. ಬಸ್ಸುಗಳು ನಗರ ನೋಡಿಕೊಂಡು ಇಲ್ಲಿಗೇ ಬರುವುದರಿಂದ ಮಧ್ಯಾಹ್ನ ಸಂತೆಯಾಗುತ್ತದೆ. 11ರೊಳಗೆ ಹೋಗುವುದಾದರೆ ಹೋಗಿ, ಇಲ್ಲದಿದ್ದರೆ ಬಿಟ್ಟು ವಯ್ಯಾದೊಲಿದ್ ಕಡೆಗೆ ಕಾರು ತಿರುಗಿಸಿ.

ವಯ್ಯಾದೊಲಿದ್‌ನಿಂದ ಏಳು ಕಿಲೋಮೀಟರ್‌ನಲ್ಲಿ ಷ್ಕೆಕೆನ್ ಮತ್ತು ಸಮುಲಾ ಅಕ್ಕಪಕ್ಕ ಇವೆ. ಎರಡೂ ಗುಹೆಯೊಳಗಿನ ಸೆನೋಟೆ. ಚಾವಣಿಯ ಕಿಂಡಿಯಿಂದ ಬೆಳಕಿನ ಕೋಲು ನೀರಿಗೆ ಬೀಳುವುದು ನಡುಹಗಲಿನಲ್ಲಿ. ಸಮುಲಾದಲ್ಲಿ ಮೇಲಿನ ಮರದ ಬೇರುಗಳು ಚಾವಣಿ ತೂರಿ ನೀರಿಗಾಗಿ ಕೈಚಾಚಿವೆ. ಇಕ್ಕಟ್ಟು, ಕತ್ತಲೆ ಅಂದರೆ ಉಸಿರುಕಟ್ಟುವವರಿಗೆ ಓಷ್ಮಾನ್ ಒಳ್ಳೆಯದು. ಮೇಲೆ ಪೂರ್ತಿ ತೆರೆದಿದೆ, ಹಗ್ಗ ಹಿಡಿದು ಜೋತು ನೀರಿಗೆ ಬೀಳಬಹುದು. ಸುಯ್ತುನ್ ಚಿತ್ರಗಳಲ್ಲಿ ಎಲ್ಲರೂ ನೋಡಿರುವ, ನೀರಿನ ನಡುವೆ ಕಲ್ಲುಕಟ್ಟೆ ಇರುವ ಸೆನೋಟೆ. ಅಲ್ಲಿ ಜನ ಫೋಟೋಗಾಗಿ ಸಾಲು ನಿಲ್ಲುತ್ತಾರೆ. ಮಳೆ ಹೆಚ್ಚಾದಾಗ ಕಟ್ಟೆಯೇ ಮುಳುಗಿರುತ್ತದೆ. ಈಜಲು ಬಂದವರು ಅಲ್ಲಿ ಹೊತ್ತು ಕಳೆಯಬೇಕಿಲ್ಲ.

ಕೊಬಾಗೆ ಹೋದವರಿಗೆ ಕೆಲವೇ ಕಿಲೋಮೀಟರ್ ದೂರದಲ್ಲಿ ಚೋ-ಹಾ, ತಮ್ಕಾಚ್-ಹಾ, ಮುಲ್ತುಮ್-ಹಾ ಎಂಬ ಮೂರು ಗುಹಾ ಸೆನೋಟೆಗಳಿವೆ. ಚೋ-ಹಾ ಆಳ ಕಡಿಮೆ, ಮಕ್ಕಳಿಗೆ ಸರಿ. ತಮ್ಕಾಚ್-ಹಾದಲ್ಲಿ ಧುಮುಕಲು 5 ಮತ್ತು 10 ಮೀಟರ್ ಎತ್ತರದ ಕಟ್ಟೆಗಳಿವೆ. ಹತ್ತು ಮೀಟರ್ ಕೆಳಗಿನಿಂದ ನೋಡಿದಷ್ಟು ಸಣ್ಣದಲ್ಲ, ಮೊದಲು ಐದರಿಂದ ಹಾರಿ ನೋಡಿ.

ಪ್ರವೇಶ ಹಲವು ಕಡೆ 100ರಿಂದ 300 ಪೆಸೊ ಒಳಗೆ, ಟುಲುಮ್ ಸುತ್ತಿನ ಹೆಸರಾಂತವುಗಳಲ್ಲಿ 500ರವರೆಗೂ ಹೋಗುತ್ತದೆ. ಜಾಕೆಟ್, ಲಾಕರ್ ಸೇರಿದೆಯೇ ಎಂದು ಕೇಳಿ. ಜೋರು ಮಳೆಯ ಮರುದಿನ ತೆರೆದ ಸೆನೋಟೆಗಳ ನೀರು ಕದಡಿರಬಹುದು, ಆಗ ಗುಹೆಯವನ್ನು ಆರಿಸಿಕೊಳ್ಳಿ.

ಊಟ, ಚೀಲ, ಹಿಂದಿರುಗುವ ಹೊತ್ತು

ಊಟಕ್ಕೆ ವಯ್ಯಾದೊಲಿದ್ ಒಳ್ಳೆಯದು, 1:30ರ ಹೊತ್ತಿಗೆ ತಲುಪಿ. ಸಸ್ಯಾಹಾರಿಗಳು ಮಾತಿನಲ್ಲಿ ಎಚ್ಚರ ವಹಿಸಬೇಕು. “ವೆಹೆತರಿಯಾನೊ” ಎಂದಷ್ಟೇ ಹೇಳಿದರೆ ಕೋಳಿ ಸಾರಿನಲ್ಲಿ ಬೇಯಿಸಿದ ಅನ್ನವೋ ಹಂದಿ ಕೊಬ್ಬು ಹಾಕಿದ ಬೀನ್ಸ್ ಕಾಳೋ ಬರಬಹುದು. “ಸಿನ್ ಕಾರ್ನೆ, ಸಿನ್ ಪೊಯೊ, ಸಿನ್ ಮಾಂತೆಕಾ” ಎನ್ನಿ: ಮಾಂಸ, ಕೋಳಿ, ಕೊಬ್ಬು ಮೂರೂ ಬೇಡ. ಪಾಪಾದ್ಸೂಲೆಸ್ ಎಂಬುದು ಕುಂಬಳ ಬೀಜದ ಗೊಜ್ಜಿನ ಮೆಕ್ಕೆಜೋಳದ ರೊಟ್ಟಿ, ಆದರೆ ಒಳಗೆ ಮೊಟ್ಟೆ ಇರುತ್ತದೆ. ಚಾಯಾ ಸೊಪ್ಪಿನ ತಣ್ಣನೆಯ ಪಾನಕ ಕುಡಿದು ನೋಡಿ. ಹಬನೇರೊ ಮೆಣಸಿನಕಾಯಿಯ ಚಟ್ನಿಯನ್ನು ನಮ್ಮ ಖಾರದ ಧೈರ್ಯದಲ್ಲಿ ಸುರಿದುಕೊಳ್ಳಬೇಡಿ, ಚಮಚದ ತುದಿಯಿಂದ ಶುರುಮಾಡಿ. ಹೊಟ್ಟೆ ಬಿರಿಯ ತಿಂದು ಕೂಡಲೇ ನೀರಿಗಿಳಿಯುವುದೂ ಬೇಡ.

ಚೀಲದಲ್ಲಿ ತಲೆಗೆ ಮೂರು ಲೀಟರ್ ನೀರು, ಒಣ ಬಟ್ಟೆ ಎರಡು ಜೊತೆ, ಬೇಗ ಒಣಗುವ ಟವೆಲ್, ಒದ್ದೆ ಬಟ್ಟೆಗೆ ಪ್ಲಾಸ್ಟಿಕ್ ಚೀಲ, ಮೊಬೈಲ್‌ಗೆ ನೀರು ತಾಗದ ಚೀಲ, ಉಪ್ಪು-ಸಕ್ಕರೆಯ ಪೊಟ್ಟಣ, ಚಿಲ್ಲರೆ ಪೆಸೊ. ನಲ್ಲಿ ನೀರು ಕುಡಿಯಬೇಡಿ. ಸೊಳ್ಳೆ ಕ್ರೀಮನ್ನು ಕೊನೆಯ ಸೆನೋಟೆ ಮುಗಿದ ಮೇಲೆ ಹಚ್ಚಿ. ಏಪ್ರಿಲ್-ಮೇ ತಿಂಗಳಲ್ಲಿ 35 ಡಿಗ್ರಿ ದಾಟುತ್ತದೆ. ಜೂನ್‌ನಿಂದ ನವೆಂಬರ್‌ವರೆಗೆ ಚಂಡಮಾರುತದ ಕಾಲ, ಹಿಂದಿನ ದಿನ ಹವಾಮಾನ ನೋಡಿಯೇ ಗಾಡಿಗೆ ಹೇಳಿ.

ಎರಡನೇ ಸೆನೋಟೆಯಿಂದ ಯುಕಟಾನ್ ಸಮಯ 4:15ಕ್ಕೆ ಮೇಲೆ ಬಂದು 4:30ಕ್ಕೆ ಹೊರಟರೆ, ಅದು ಕ್ಯಾನ್‌ಕುನ್‌ನ 5:30. ವಯ್ಯಾದೊಲಿದ್‌ನಿಂದ ಎರಡು ಗಂಟೆ ಹಿಡಿದರೆ ಹೋಟೆಲ್ ಮುಟ್ಟುವಾಗ 7:30. ಡಿಸೆಂಬರ್‌ನಲ್ಲಿ ಅಲ್ಲಿನ ಗಡಿಯಾರದಲ್ಲಿ 6ರ ಸುಮಾರಿಗೇ ಸೂರ್ಯ ಮುಳುಗುವುದರಿಂದ, ನೀವೇ ಓಡಿಸುತ್ತಿದ್ದರೆ ಆ ತಿಂಗಳುಗಳಲ್ಲಿ ಎರಡನೇ ಸೆನೋಟೆ ಬಿಟ್ಟು ಎರಡು ಗಂಟೆ ಮೊದಲೇ ಹೊರಡಿ. ಅಂದಿನ ರಾತ್ರಿಗೆ ವಿಮಾನವನ್ನಾಗಲಿ, ಮುಂಗಡ ಕೊಟ್ಟ ಊಟವನ್ನಾಗಲಿ ಇಟ್ಟುಕೊಳ್ಳಬೇಡಿ. ಡ್ರೈವರ್‌ಗೆ ಕೊಡುವ ಟಿಪ್ಪನ್ನು, ರೂಢಿಯಂತೆ ಬಾಡಿಗೆಯ ನೂರಕ್ಕೆ ಹತ್ತರಿಂದ ಹದಿನೈದು, ಪೆಸೊಗಳಲ್ಲೇ ಬೇರೆ ಲಕೋಟೆಯಲ್ಲಿ ಬೆಳಿಗ್ಗೆಯೇ ತೆಗೆದಿಡಿ. ಸಂಜೆ ಹೊತ್ತಿಗೆ ಕೈಯಲ್ಲಿರುವ ನೋಟೆಲ್ಲ ಟೋಲ್‌ಗೂ ಲಾಕರ್‌ಗೂ ಖರ್ಚಾಗಿರುತ್ತದೆ.